ಜಾವಗಲ್ಲಿನ ಹುಟ್ಟುವಳಿ, ಬಸ್ತಿಹಳ್ಳಿಯ ದೇವರು

ದತ್ತಿ ಎಂಬ ಮಾತು ಈಗ ನಮ್ಮ ಕಿವಿಗೆ ಬೀಳುವುದು ಹೆಚ್ಚಾಗಿ ಉಪನ್ಯಾಸದ ಜೊತೆ, ಇಲ್ಲವೇ ಚಿನ್ನದ ಪದಕದ ಜೊತೆ. ಶಾಸನಗಳ ಕಾಲದಲ್ಲಿ ಅದಕ್ಕೆ ಮಣ್ಣಿನ ವಾಸನೆ ಇತ್ತು: ಗದ್ದೆ, ತೋಟ, ಗಾಣದ ಎಣ್ಣೆ, ಸುಂಕದಲ್ಲಿ ಪಾಲು, ಕೆಲವೊಮ್ಮೆ ಇಡೀ ಒಂದು ಊರು. ದತ್ತಿ ಬಿಟ್ಟವರ ಹೆಸರು ಕಲ್ಲಿನ ಮೇಲೆ ಉಳಿಯುತ್ತದೆ. ಅದನ್ನು ವರ್ಷ ವರ್ಷವೂ ನಡೆಸಿಕೊಂಡು ಬಂದವರ ಹೆಸರು ಸಾಮಾನ್ಯವಾಗಿ ಉಳಿಯುವುದಿಲ್ಲ. ಹಾಗಾಗಿ ಒಂದು ದೇವಾಲಯ ಹೇಗೆ ಹುಟ್ಟಿತು ಎಂದು ಹೇಳುವುದು ನಮಗೆ ಸುಲಭ, ಹೇಗೆ ಬರಿದಾಯಿತು ಎಂದು ಹೇಳುವುದು ಕಷ್ಟ. ಕಷ್ಟವಾದಲ್ಲೆಲ್ಲ ಕಥೆ ಬಂದು ಜಾಗ ಹಿಡಿಯುತ್ತದೆ. ಹಳೇಬೀಡಿನ ಹೊಯ್ಸಳೇಶ್ವರದಿಂದ ತುಸು ದೂರ ನಡೆದರೆ ಸಿಗುವ ಬಸ್ತಿಹಳ್ಳಿಯಲ್ಲಿ ಆಗಿರುವುದು ಇದೇ. ಒಂದೇ ಆವರಣದೊಳಗೆ ಪಾರ್ಶ್ವನಾಥ, ಆದಿನಾಥ, ಶಾಂತಿನಾಥ ಎಂದು ಮೂರು ಬಸದಿ. ಶಾಂತಿನಾಥನ ಮುಂದೆ ಮಾನಸ್ತಂಭ. ಪಾರ್ಶ್ವನಾಥನ ನವರಂಗದಲ್ಲಿ ಮುಖ ಕಾಣುವಷ್ಟು ಹೊಳಪಿನ ಕಪ್ಪು ಕಂಬಗಳು. ಇಲ್ಲದಿರುವುದು ಶ್ರಾವಕರ, ಅಂದರೆ ಜೈನ ಗೃಹಸ್ಥರ, ಕೇರಿ. ಈ ಬಸದಿಗಳನ್ನು ತಮ್ಮವೆಂದು ನಡೆಸುತ್ತಿದ್ದ ಮನೆಗಳು ಎಲ್ಲಿ ಹೋದವು ಎಂಬುದು ಈ ಉಪನ್ಯಾಸದ ಪ್ರಶ್ನೆ. ಕ್ರೈಸ್ತರು ಒಂದು ಚರ್ಚಿಗೆ ಸೇರಿದ ಮನೆಗಳನ್ನೆಲ್ಲ ಒಟ್ಟಾಗಿ ಧರ್ಮಕೇಂದ್ರ ಎನ್ನುತ್ತಾರೆ. ಅದೇ ಅರ್ಥದಲ್ಲಿ, ಹಳೇಬೀಡು ಹೊಯ್ಸಳರ ರಾಜಧಾನಿ ದೋರಸಮುದ್ರವಾಗಿದ್ದಾಗ, ಅಲ್ಲಿಯ ಜೈನರದೂ ಒಂದು ಧರ್ಮಕೇಂದ್ರ. ಅದನ್ನು ಬರಿದು ಮಾಡಿದ್ದು ಮತಾಂತರಗೊಂಡ ಒಬ್ಬ ದೊರೆಯ ಕೋಪವಲ್ಲ, ಕೇವಲ ಒಂದು ದಂಡಯಾತ್ರೆಯೂ ಅಲ್ಲ. ರಾಜಧಾನಿ ಎದ್ದುಹೋದ ಮೇಲೆ ದತ್ತಿಯನ್ನು ನಡೆಸುವ ಮನೆಗಳು ಒಂದೊಂದಾಗಿ ಎದ್ದುಹೋದದ್ದು. ಇದು ನನ್ನ ವಾದ.

ಮೊದಲಿಂದ ನೋಡೋಣ. ಹೊಯ್ಸಳ ದೊರೆ ವಿಷ್ಣುವರ್ಧನನ ದಂಡನಾಯಕ ಗಂಗರಾಜ ತಲಕಾಡನ್ನು ಚೋಳರ ಕೈಯಿಂದ ಬಿಡಿಸಿದವನು, ಗಂಗವಾಡಿಯ ಹಾಳು ಬಸದಿಗಳನ್ನು ಮತ್ತೆ ಎತ್ತಿ ನಿಲ್ಲಿಸಿದವನು. ದ್ರೋಹಘರಟ್ಟ ಎಂಬುದು ಅವನ ಬಿರುದು. ಘರಟ್ಟ ಎಂದರೆ ಬೀಸುವ ಕಲ್ಲು. ದ್ರೋಹಿಗಳನ್ನು ಹಿಟ್ಟು ಮಾಡುವವನು ಎಂದರ್ಥ. ಅಹಿಂಸೆಯನ್ನು ಪರಮಧರ್ಮ ಎಂದವರ ಗುಡಿಗೆ ದ್ರೋಹಘರಟ್ಟ ಜಿನಾಲಯ ಎಂಬ ಹೆಸರು ಬಂದದ್ದನ್ನು ಕಂಡು ಆ ಕಾಲದವರಿಗೆ ನಗು ಬಂದಂತಿಲ್ಲ. ಗಂಗರಾಜ ತೀರಿಕೊಂಡ ಮೇಲೆ ಮಗ ಬೊಪ್ಪದೇವ ತಂದೆಯ ನೆನಪಿಗೆ 1133ರಲ್ಲಿ ಈ ಪಾರ್ಶ್ವನಾಥ ಬಸದಿಯನ್ನು ಕಟ್ಟಿಸಿದ. ಪ್ರತಿಷ್ಠೆಯ ಗಂಧೋದಕ, ಶೇಷಾಕ್ಷತೆಗಳನ್ನು ಹಿಡಿದು ಅರ್ಚಕರು ಬಂಕಾಪುರದಲ್ಲಿ ಬೀಡುಬಿಟ್ಟಿದ್ದ ದೊರೆಯ ಬಳಿಗೆ ಹೋದರು. ಆಗಷ್ಟೇ ಅವನು ಮಸಣನೆಂಬ ಶತ್ರುವನ್ನು ಗೆದ್ದಿದ್ದ, ಅರಮನೆಯಲ್ಲಿ ಗಂಡುಮಗು ಹುಟ್ಟಿತ್ತು. ದೊರೆ ಎದ್ದು ಕೈಮುಗಿದು ಗಂಧೋದಕವನ್ನು ತಲೆಗೆ ಹಚ್ಚಿಕೊಂಡ. ಗೆಲುವು, ಮಗ ಎರಡೂ ಈ ಪ್ರತಿಷ್ಠೆಯ ಫಲ ಎಂದು ದೇವರಿಗೆ ವಿಜಯಪಾರ್ಶ್ವ ಎಂದೂ ಮಗನಿಗೆ ವಿಜಯ ನರಸಿಂಹ ಎಂದೂ ಹೆಸರಿಟ್ಟ. ಜಾವಗಲ್ಲನ್ನು ದೇವರಿಗೆ ಬಿಟ್ಟ. ಇಂದು ಆ ಊರಿನ ಹೆಸರು ಕೇಳಿದರೆ ಕ್ರಿಕೆಟ್ ಪ್ರಿಯರಿಗೆ ನೆನಪಾಗುವುದು ಜಾವಗಲ್ ಶ್ರೀನಾಥ್. ಆಗ ಅದು ಹಲವು ಮೈಲಿ ದೂರದ ರಾಜಧಾನಿಯ ದೇವರಿಗೆ ಅಭಿಷೇಕದ ಹಾಲನ್ನೂ ನಂದಾದೀಪದ ಎಣ್ಣೆಯನ್ನೂ ಮುನಿಗಳಿಗೆ ಆಹಾರವನ್ನೂ ಒದಗಿಸಬೇಕಾದ ಊರು. ಈ ದೂರವನ್ನು ಗಮನದಲ್ಲಿಡಬೇಕು. ಜಾವಗಲ್ಲಿನ ಹುಟ್ಟುವಳಿ ದೋರಸಮುದ್ರಕ್ಕೆ ಹರಿಯುವುದು ತಾನಾಗಿ ಅಲ್ಲ. ಹರಿಯುವಂತೆ ನೋಡಿಕೊಳ್ಳುವ ಅಧಿಕಾರ ದೋರಸಮುದ್ರದಲ್ಲಿ ಕೂತಿರಬೇಕು, ಬಂದದ್ದನ್ನು ಲೆಕ್ಕ ಹಾಕಿ ಇಳಿಸಿಕೊಳ್ಳುವ ಜನ ಬಸದಿಯ ಸುತ್ತ ಇರಬೇಕು.

ಆ ಜನ ಇದ್ದರು. ಕಟ್ಟಿಸಿದವರು ದಂಡನಾಯಕರಾದರೂ ದಿನದಿನದ ಬಾಳುವೆಯಲ್ಲಿ ಬಸದಿ ವರ್ತಕರದು. ಇಮ್ಮಡಿ ಬಲ್ಲಾಳನ ಕಾಲಕ್ಕೆ ಬಂದರೆ ದಾನಿಗಳ ಸಾಲಿನಲ್ಲಿ ಸೆಟ್ಟಿಗಳು ಮುಂದೆ ಬಂದು ನಿಲ್ಲುತ್ತಾರೆ. 1192ರಲ್ಲಿ ವರ್ತಕರು ನಿಲ್ಲಿಸಿದ ಶಾಂತಿನಾಥನ ಗುಡಿಗೆ ನಗರ ಜಿನಾಲಯ ಎಂದೇ ಹೆಸರು. 1254ರಲ್ಲಿ ಮುಮ್ಮಡಿ ನರಸಿಂಹ ವಿಜಯಪಾರ್ಶ್ವನ ದರ್ಶನಕ್ಕೆ ಬಂದಾಗ ಅಲ್ಲಿದ್ದ ಹಳೆಯ ಶಾಸನದಲ್ಲಿ ತನ್ನದೇ ವಂಶಾವಳಿಯನ್ನು ಓದಿಸಿ ನೋಡಿದ, ದತ್ತಿಯನ್ನು ಮತ್ತೆ ಊರ್ಜಿತಗೊಳಿಸಿದ. ನೂರಿಪ್ಪತ್ತು ವರ್ಷ ಕಳೆದಿದ್ದರೂ ಕಲ್ಲನ್ನು ಓದುವವರು, ದೊರೆಗೆ ಓದಿ ಹೇಳುವವರು, ಓದಿದ್ದಕ್ಕೆ ತಕ್ಕಂತೆ ಕೊಡಿ ಎಂದು ಕೇಳುವವರು ಅಲ್ಲಿ ಇದ್ದರು ಎಂಬುದಕ್ಕೆ ಇದಕ್ಕಿಂತ ಗಟ್ಟಿ ಸಾಕ್ಷಿ ಬೇಕಿಲ್ಲ. ಮುಂದಿನ ಸಾಕ್ಷಿ ಇನ್ನೂ ಹತ್ತಿರದ್ದು. 1274ರಲ್ಲಿ ಬಾಲಚಂದ್ರ ಪಂಡಿತದೇವರು ಸನ್ಯಸನದಿಂದ ದೇಹ ಬಿಟ್ಟರು. ದೋರಸಮುದ್ರದ ಭವ್ಯಜನ ತಮ್ಮ ಗುರುವಿನ ಪ್ರತಿಮೆಯನ್ನೂ ಪಂಚಪರಮೇಷ್ಠಿಗಳ ಪ್ರತಿಮೆಗಳನ್ನೂ ಮಾಡಿಸಿ ನಿಲ್ಲಿಸಿದರು. ಭವ್ಯಜನ ಎಂದರೆ ಜಿನಭಕ್ತರಾದ ಗೃಹಸ್ಥರು. ಇಲ್ಲಿ ದೊರೆಯೂ ಇಲ್ಲ, ದಂಡನಾಯಕನೂ ಇಲ್ಲ. ಒಂದು ಊರಿನ ಮನೆಗಳು ಒಟ್ಟಾಗಿ ಮಾಡಿದ ಕೆಲಸ. 1279ರಲ್ಲಿ ಇನ್ನೊಂದು ನಿಸಿಧಿ (ಹೀಗೆ ದೇಹ ಬಿಟ್ಟವರ ನೆನಪಿನ ಕಲ್ಲು), 1300ರಲ್ಲಿ ಬಾಲಚಂದ್ರರ ಶಿಷ್ಯ ರಾಮಚಂದ್ರ ಮಲಧಾರಿದೇವರದು. ಗುರು, ಗುರುವಿನ ಶಿಷ್ಯ, ಅವರಿಗಾಗಿ ಕಲ್ಲು ನಿಲ್ಲಿಸುವ ಶ್ರಾವಕರು: ಧರ್ಮಕೇಂದ್ರವೊಂದು ತುಂಬಿ ನಡೆಯುತ್ತಿತ್ತು ಎನ್ನಲು ಬೇಕಾದುದೆಲ್ಲ 1300ರವರೆಗೂ ಇದೆ.

ಇಷ್ಟು ಹೇಳಿದ ಮೇಲೂ ಮೊದಲ ಆಕ್ಷೇಪಣೆ ಎದುರಿಗೆ ಬರುತ್ತದೆ. ಹಾಸನ ಸೀಮೆಯಲ್ಲಿ ಯಾರನ್ನು ಕೇಳಿದರೂ ಸಿಗುವ ಉತ್ತರ ಅದು. ಬಿಟ್ಟಿದೇವ ರಾಮಾನುಜರ ಪ್ರಭಾವದಿಂದ ವೈಷ್ಣವನಾಗಿ ವಿಷ್ಣುವರ್ಧನನಾದ, ಹಳೇಬೀಡಿನ 720 ಬಸದಿಗಳನ್ನು ಕೆಡವಿಸಿದ, ಆ ಪಾಪಕ್ಕೆ ಅಡಗೂರಿನ ಬಳಿ ಭೂಮಿ ಬಾಯಿಬಿಟ್ಟಿತು, ಕೊನೆಗೆ ಶ್ರವಣಬೆಳಗೊಳದ ಜೈನ ಗುರು ಚಾರುಕೀರ್ತಿಗಳು ಕುಂಬಳಕಾಯಿಗಳನ್ನು ಮಂತ್ರಿಸಿ ಹಾಕಿ ಆ ಬಿರುಕನ್ನು ಮುಚ್ಚಿಸಿದರು ಎಂಬುದು ಆ ಕಥೆ. ಕಥೆಯಾಗಿ ಇದು ಚೆನ್ನಾಗಿದೆ. ಭೂಮಿಯ ಬಾಯಿಗೆ ಕುಂಬಳಕಾಯಿ ಹಾಕುವ ಕಲ್ಪನೆ ಅಪ್ಪಟ ನಮ್ಮ ನೆಲದ್ದು. ಆದರೆ ಕೆಡವಿಸಿದನೆಂಬ ದೊರೆಯೇ 1133ರಲ್ಲಿ ಗಂಧೋದಕವನ್ನು ತಲೆಗೆ ಹಚ್ಚಿಕೊಂಡಿದ್ದಾನೆ. ಬೇಲೂರಿನ ವಿಜಯನಾರಾಯಣನ, ಅಂದರೆ ಇಂದಿನ ಚೆನ್ನಕೇಶವನ, ಪ್ರತಿಷ್ಠೆ ಆದದ್ದು 1117ರಲ್ಲಿ, ಅಂದರೆ ಹದಿನಾರು ವರ್ಷ ಮೊದಲು. ನಡುವೆ 1123ರಲ್ಲಿ ಅವನ ಪಟ್ಟದರಸಿ ಶಾಂತಲೆ ಶ್ರವಣಬೆಳಗೊಳದಲ್ಲಿ ಸವತಿಗಂಧವಾರಣ ಬಸದಿಯನ್ನು ಕಟ್ಟಿಸಿದಳು. ದೊರೆಯ ಒಲವು ನಾರಾಯಣನ ಕಡೆಗೆ ಹೊರಳಿತ್ತು ಎನ್ನುವುದನ್ನು ಒಪ್ಪೋಣ. ಒಲವು ಹೊರಳುವುದು ಬೇರೆ, ಗುಡಿ ಕೆಡವುವುದು ಬೇರೆ. ಮುಂದೆ ಒಂದೂವರೆ ಶತಮಾನಕ್ಕೂ ಮೀರಿ ದೋರಸಮುದ್ರದ ಜೈನರು ಕಟ್ಟುತ್ತಲೇ ಹೋದರು ಎಂಬುದನ್ನು ಈಗಾಗಲೇ ನೋಡಿದೆವು. ಹಾಗಾದರೆ ಕಥೆ ಎಲ್ಲಿಂದ ಬಂತು? ಪಾಳುಬಿದ್ದ ಕಲ್ಲುಗಳ ರಾಶಿಯನ್ನು ಕಂಡ ನಂತರದ ಜನ ಅದಕ್ಕೊಂದು ಕಾರಣ ಕೇಳಿದರು. ಮೆಲ್ಲಗೆ ಆದ ಸಾವಿಗೆ ಕಾರಣ ಹೇಳುವುದು ಕಷ್ಟ, ಕೊಲೆಗಾದರೆ ಸುಲಭ. ಕಥೆ ಸುಳ್ಳಾದರೂ ಒಂದು ನಿಜವನ್ನು ಹಿಡಿದಿಟ್ಟಿದೆ: ಅದು ಹುಟ್ಟುವ ಹೊತ್ತಿಗೆ ಬಸದಿಗಳು ಬರಿದಾಗಿದ್ದವು, ಅಡಗೂರಿನ ಸಂಕಟಕ್ಕೆ ಪರಿಹಾರ ಬೆಳಗೊಳದಿಂದಲೇ ಬರಬೇಕಿತ್ತು.

ಎರಡನೆಯ ಆಕ್ಷೇಪಣೆ ಇದಕ್ಕಿಂತ ಗಂಭೀರವಾದದ್ದು. 1311ರಲ್ಲಿ ಮಲಿಕ್ ಕಾಫರ್ ದೋರಸಮುದ್ರವನ್ನು ಮುತ್ತಿದ, 1327ರ ಸುಮಾರಿಗೆ ಮಹಮ್ಮದ್ ಬಿನ್ ತುಘಲಕನ ದಂಡು ಬಂತು. ಭವ್ಯಜನರ ನಿಸಿಧಿಗಳು 1300ಕ್ಕೆ ನಿಲ್ಲುವುದಕ್ಕೂ ಇದಕ್ಕೂ ಸಂಬಂಧವಿಲ್ಲವೇ ಎಂದು ಕೇಳಬಹುದು. ಸಂಬಂಧ ಇದೆ. ಆದರೆ ದಂಡು ಬಂದುಹೋದ ಊರುಗಳೆಲ್ಲ ಬರಿದಾಗಲಿಲ್ಲ ಎಂಬುದನ್ನು ಹತ್ತೇ ಮೈಲಿ ಆಚೆಗಿನ ಬೇಲೂರು ಹೇಳುತ್ತದೆ. ಕಲಬುರಗಿಯಿಂದ ಬಂದ ಗಂಗ ಸಾಲಾರ ಬೇಲೂರಿನ ಮಹಾದ್ವಾರವನ್ನು ಸುಟ್ಟಿದ್ದ. ಇಮ್ಮಡಿ ಹರಿಹರನ ದಂಡನಾಯಕ ಗುಂಡ 1397ರಲ್ಲಿ ಅದನ್ನು ಏಳು ನೆಲೆಯ ಗೋಪುರವಾಗಿ ಮತ್ತೆ ಎತ್ತಿಸಿದ. ಬೆಂಕಿ ಬಿದ್ದ ಗುಡಿಗೆ ಒಬ್ಬ ಗುಂಡ ಸಿಕ್ಕಿದ, ಏಕೆಂದರೆ ಅಲ್ಲಿಯ ಚೆನ್ನಕೇಶವನ ಸುತ್ತ ಊರು ಉಳಿದಿತ್ತು. ವಿಜಯನಗರದ ಕಾಲದಲ್ಲೂ ಆಮೇಲೂ ಅದು ನಾಯಕರ ನೆಲೆ. ದೋರಸಮುದ್ರಕ್ಕೆ ಗುಂಡ ಸಿಗಲಿಲ್ಲ. ಗಮನಿಸಿ, ಸಿಗದೆ ಹೋದದ್ದು ಬಸದಿಗಳಿಗೆ ಮಾತ್ರವಲ್ಲ, ಹೊಯ್ಸಳೇಶ್ವರಕ್ಕೂ ಸಿಗಲಿಲ್ಲ. ಅದೂ ವರ್ತಕರ ಹಣ ಸೇರಿದ, 1121ರ ಹೊತ್ತಿಗೆ ಕೇತಮಲ್ಲನ ಮುಂದಾಳುತನದಲ್ಲಿ ಎದ್ದ ಶಿವಾಲಯ. ಶೈವರದೂ ಜೈನರದೂ ಒಂದೇ ಗತಿಯಾದಾಗ ಕಾರಣವನ್ನು ಮತದಲ್ಲಿ ಹುಡುಕುವುದು ತಪ್ಪು, ಊರಿನಲ್ಲಿ ಹುಡುಕಬೇಕು. ಮುಮ್ಮಡಿ ಬಲ್ಲಾಳ ತಿರುವಣ್ಣಾಮಲೆಗೆ ಬೀಡು ಬದಲಿಸಿದ. ಬೀಡು ಎದ್ದ ಕಡೆ ದಂಡನಾಯಕನ ಮನೆಯೂ ಏಳುತ್ತದೆ, ಅವನಿಗೆ ಕುದುರೆ, ಬಟ್ಟೆ, ಹೊನ್ನು ಒದಗಿಸುವ ಸೆಟ್ಟಿಯೂ ಏಳುತ್ತಾನೆ. ಒಕ್ಕಲುಮಗ ಗದ್ದೆಯನ್ನು ಹೊತ್ತು ಹೋಗಲಾರ. ಸೆಟ್ಟಿಯ ಆಸ್ತಿ ಎತ್ತಿನ ಹೇರಿನ ಮೇಲೆ ಹೋಗುವಂಥದ್ದು. ಹೋದವರ ದೃಷ್ಟಿಯಿಂದಲೇ ಉಳಿದ ಊರಿಗೆ ಹೆಸರು ಬಿತ್ತು: ಹಳೆಯ ಬೀಡು. ತಾವು ವಾಸವಿರುವ ಊರನ್ನು ಯಾರೂ ಹಳೆಯದು ಎಂದು ಕರೆದುಕೊಳ್ಳುವುದಿಲ್ಲ. ರಾಜಧಾನಿಯ ಒಂದು ಕೇರಿಯಾಗಿದ್ದ ಜಾಗ ಬಸ್ತಿಹಳ್ಳಿ ಆಯಿತು. ಅಲ್ಲಿ ಹಳ್ಳಿ ಎಂಬ ಎರಡಕ್ಷರವೇ ಒಂದು ಶಾಸನ.

ಇಲ್ಲಿಂದ ಮುಂದೆ ಎರಡು ಕಲ್ಲುಗಳು ನನ್ನ ವಾದದ ನಡುಗಂಬ. ಮೊದಲನೆಯದು ಶ್ರವಣಬೆಳಗೊಳದಲ್ಲಿರುವ 1368ರ ಬುಕ್ಕರಾಯನ ಶಾಸನ. ಜೈನರಿಗೂ ಶ್ರೀವೈಷ್ಣವರಿಗೂ ವ್ಯಾಜ್ಯ ಬಂದಾಗ ಅರಸ ಜೈನರ ಕೈಯನ್ನು ಹಿಡಿದು ವೈಷ್ಣವರ ಕೈಯಲ್ಲಿಟ್ಟು ಇಬ್ಬರಲ್ಲೂ ಭೇದವಿಲ್ಲ ಎಂದ ಪ್ರಸಂಗವನ್ನು ಪಠ್ಯಪುಸ್ತಕಗಳು ಸಹಿಷ್ಣುತೆಯ ಪಾಠವಾಗಿ ಹೇಳಿಕೊಡುತ್ತವೆ. ಪಾಠ ಸರಿಯೇ. ಆದರೆ ಅದನ್ನು ಲೆಕ್ಕದ ಪುಸ್ತಕವಾಗಿಯೂ ಓದಬೇಕು. ದೂರು ಕೊಟ್ಟ ಜೈನರ ಊರುಗಳನ್ನು ಶಾಸನ ಹೆಸರಿಸುತ್ತದೆ: ಆನೆಗೊಂದಿ, ಹೊಸಪಟ್ಟಣ, ಪೆನುಗೊಂಡೆ, ಕಲ್ಲೆಹದ ಪಟ್ಟಣ. ಉಳಿದವರು ಸಮಸ್ತ ನಾಡುಗಳವರು. ಎಪ್ಪತ್ತು ವರ್ಷದ ಹಿಂದೆ ಗುರುವಿಗೆ ನಿಸಿಧಿ ನಿಲ್ಲಿಸುವಷ್ಟು ಶಕ್ತವಾಗಿದ್ದ ದೋರಸಮುದ್ರ ಹೆಸರಿಟ್ಟ ಪಟ್ಟಣಗಳ ಸಾಲಿನಲ್ಲಿ ಇಲ್ಲ. ಇದ್ದರೆ ಅದು ಸಮಸ್ತ ನಾಡು ಎಂಬ ಮಾತಿನೊಳಗೆ ಎಲ್ಲೋ ಇರಬೇಕು. ಇನ್ನು ಹಣದ ಮಾತು. ಜೈನರ ಮನೆಮನೆಗೆ ವರ್ಷಕ್ಕೆ ಒಂದು ಹಣ ಎತ್ತಬೇಕು. ಅದರಿಂದ ಬೆಳಗೊಳದ ದೇವರಿಗೆ ಇಪ್ಪತ್ತು ಮಂದಿ ಮೈಗಾವಲಿನವರನ್ನು ಇಡಬೇಕು. ಮಿಕ್ಕದ್ದರಲ್ಲಿ ಜೀರ್ಣವಾದ ಜಿನಾಲಯಗಳಿಗೆ ಸುಣ್ಣ ಹೊಡೆಸಬೇಕು. ಜೈನ ಲೋಕದ ಹಣ ಈಗ ಬೆಳಗೊಳಕ್ಕೆ ಹರಿಯುತ್ತದೆ, ಊರಬಸದಿಗಳಿಗೆ ಉಳಿಯುವುದು ಸುಣ್ಣದ ಕಾಸು. ತೀರ್ಥಕ್ಕೂ ಊರಬಸದಿಗೂ ಇರುವ ವ್ಯತ್ಯಾಸ ಇಷ್ಟೇ: ತೀರ್ಥಕ್ಕೆ ಭಕ್ತರು ಎಲ್ಲಿಂದಲೋ ಬರುತ್ತಾರೆ, ಊರಬಸದಿಗೆ ಊರಿನ ಮನೆಗಳೇ ಗತಿ. ರಾಜಾಶ್ರಯ ಹೋದ ಮಾತ್ರಕ್ಕೆ ಬಸದಿ ಬರಿದಾಗುವುದಾದರೆ ಬೆಳಗೊಳ ಏಕೆ ಉಳಿಯಿತು ಎಂದು ಕೇಳುವವರಿಗೆ ನನ್ನ ಉತ್ತರವೂ ಇದೇ. ಗೊಮ್ಮಟನಿಗೆ ರಾಜರು ಹೋದರೂ ಯಾತ್ರಿಕರಿದ್ದರು.

ಎರಡನೆಯ ಕಲ್ಲು ಬಸ್ತಿಹಳ್ಳಿಯದೇ, 1638ರದು. ಬೇಲೂರು ಸೀಮೆಯನ್ನು ಆಗ ವೆಂಕಟಾದ್ರಿ ನಾಯಕ ಆಳುತ್ತಿದ್ದ. ಹುಚ್ಚಪ್ಪದೇವ ಎಂಬ ವೀರಶೈವ ವಿಜಯಪಾರ್ಶ್ವನ ಬಸದಿಯ ಕಂಬಗಳ ಮೇಲೆ ಲಿಂಗಮುದ್ರೆ ಹಾಕಿದ. ವಿಜಯಪ್ಪ ಎಂಬ ಜೈನ ಅದನ್ನು ಅಳಿಸಿದ. ವಿವಾದವೆದ್ದಿತು. ಜೈನ ಸೆಟ್ಟರು ಅಹವಾಲು ತೆಗೆದುಕೊಂಡು ಹೋದರು, ವೀರಶೈವರ ಮಹಾಮಹತ್ತು, ಅಂದರೆ ಹಿರಿಯರ ಸಭೆ, ಕೂಡಿ ತೀರ್ಮಾನ ಕೊಟ್ಟಿತು: ಮೊದಲು ವಿಭೂತಿ ವೀಳ್ಯ ಒಪ್ಪಿಸಿ, ಆಮೇಲೆ ನಿಮ್ಮ ಪೂಜೆ, ದೀಪ, ಅಭಿಷೇಕಗಳನ್ನು ಎಂದಿನಂತೆ ನಡೆಸಿಕೊಳ್ಳಿ. ಇದಕ್ಕೆ ಅಡ್ಡಿ ಮಾಡಿದ ವೀರಶೈವನು ಲಿಂಗಕ್ಕೂ ವಿಭೂತಿ ರುದ್ರಾಕ್ಷಿಗೂ ದ್ರೋಹಿ ಎಂಬ ಆಣೆಯನ್ನೂ ಹಾಕಿತು. ಇದನ್ನು ಜೈನರ ಸೋಲು ಎಂದು ಓದುವವರಿದ್ದಾರೆ, ಸೌಹಾರ್ದದ ಗೆಲುವು ಎಂದು ಓದುವವರೂ ಇದ್ದಾರೆ. ವಿಭೂತಿ ಮೊದಲು ಬರಬೇಕೆಂಬ ನಿಬಂಧನೆಯಲ್ಲಿ ಬಲ ಯಾರ ಕಡೆ ಇತ್ತು ಎಂಬುದು ಎದ್ದು ಕಾಣುತ್ತದೆ. ತಮ್ಮವರಿಗೇ ತಮ್ಮ ದೈವದ ಮೇಲೆ ಆಣೆಯಿಟ್ಟು ಪರರ ಪೂಜೆಯನ್ನು ಕಾದ ಹಿರಿಯರ ದೊಡ್ಡತನವೂ ಅಷ್ಟೇ ಸ್ಪಷ್ಟ. ನನಗೆ ಮುಖ್ಯವಾಗಿ ಕಾಣುವುದು ಬೇರೆ. ಒಂದು ಜೀವಂತ ಕೇರಿಯ ನಡುವೆ ಇರುವ ಗುಡಿಯ ಕಂಬಕ್ಕೆ ಹೊರಗಿನವನು ಬಂದು ಮುದ್ರೆ ಹಾಕುವುದು ಹೇಗೆ? ತಡೆಯುವ ಮನೆಗಳು ಸುತ್ತ ಇರಲಿಲ್ಲ. ಅಳಿಸಲು ಒಬ್ಬ ವಿಜಯಪ್ಪ ಇದ್ದ. ಅಹವಾಲಿಗೆ ಮುಂದಾದ ಸೆಟ್ಟರು ಹಳೇಬೀಡಿನವರಿಗಿಂತ ಹೆಚ್ಚಾಗಿ ಸೀಮೆಯವರು. 1274ರಲ್ಲಿ ದೋರಸಮುದ್ರದ ಭವ್ಯಜನ ಎಂದು ಕಲ್ಲು ಮಾತಾಡಿತ್ತು. 1638ರಲ್ಲಿ ಬಸದಿಯ ಪರವಾಗಿ ಮಾತಾಡಿದವರು ಬೇರೆ ಊರುಗಳಿಂದ ಬಂದ ಅದೇ ಮತದ ದೊಡ್ಡ ಮನುಷ್ಯರು. ಬಿಕ್ಕಟ್ಟು ಊರನ್ನು ಬರಿದು ಮಾಡಲಿಲ್ಲ, ಬರಿದಾದ ಊರಿನಲ್ಲಿ ಬಿಕ್ಕಟ್ಟು ಹುಟ್ಟಿತು.

ಇಂಥ ತಲೆಕೆಳಗು ಓದು ನಮ್ಮಲ್ಲಿ ಮಾತ್ರ ಆದದ್ದಲ್ಲ. ಇಂಗ್ಲೆಂಡಿನ ಯಾರ್ಕ್‌ಷೈರಿನಲ್ಲಿ ವಾರಮ್ ಪರ್ಸಿ ಎಂಬ ಹಾಳೂರಿದೆ. ಅಲ್ಲಿ ಉಳಿದು ನಿಂತಿರುವುದು ಮುಖ್ಯವಾಗಿ ಸೂರಿಲ್ಲದ ಒಂದು ಚರ್ಚು. ಅಂಥ ಊರುಗಳನ್ನು 14ನೇ ಶತಮಾನದ ಮಹಾಮಾರಿ ಪ್ಲೇಗು ನುಂಗಿತು ಎಂಬುದು ಅಲ್ಲಿಯ ಜನರ ನಂಬಿಕೆ. ಮಾರಿಸ್ ಬೆರೆಸ್‌ಫರ್ಡ್ ಮತ್ತು ಜಾನ್ ಹರ್ಸ್ಟ್ ಅವರ ತಂಡ 1950ರಿಂದ 1990ರವರೆಗೆ ಬೇಸಿಗೆ ಬೇಸಿಗೆಗೂ ಅಗೆದು ನೋಡಿದಾಗ ಕಂಡದ್ದು ಬೇರೆ: ಪ್ಲೇಗಿನ ನಂತರವೂ ಊರು ನೂರಕ್ಕೂ ಹೆಚ್ಚು ವರ್ಷ ಇತ್ತು, ಉಳುವುದಕ್ಕಿಂತ ಕುರಿ ಮೇಯಿಸುವುದು ಜಮೀನುದಾರರಿಗೆ ಲಾಭವಾದಾಗ ಕೊನೆಯ ಒಕ್ಕಲುಗಳು ಎದ್ದವು. ಜನ ಕಡಿಮೆಯಾದಂತೆ ಚರ್ಚಿನ ಪಕ್ಕದ ಅಂಕಣಗಳನ್ನು ಕೆಡವಿ ಕಟ್ಟಡವನ್ನೇ ಕಿರಿದು ಮಾಡಿಕೊಂಡಿದ್ದರು. ಊರು ಪೂರ್ತಿ ಹೋದ ಮೇಲೂ ನೆರೆಯೂರಿನವರು ಬಂದು ಅಲ್ಲಿಯೇ ಪ್ರಾರ್ಥನೆ ನಡೆಸಿದರು, ನಮ್ಮ 1638ರ ಸೆಟ್ಟರ ಹಾಗೆ. ಹೊಯ್ಸಳರ ಬಸದಿ ಮಾತ್ರ ಹಾಗೆ ಕಿರಿದಾಗಲಾರದು. ದೋರಸಮುದ್ರದ ಅಳತೆಗೆ ಕಟ್ಟಿದ್ದು ಬಸ್ತಿಹಳ್ಳಿಯ ಅಳತೆಗೆ ಇಳಿಯುವುದಿಲ್ಲ. ಅದಕ್ಕೇ ನಮಗೆ ಇಲ್ಲಿನ ಬರಿದು ಇಷ್ಟು ದೊಡ್ಡದಾಗಿ ಕಾಣುತ್ತದೆ. ಇದಕ್ಕೆ ತದ್ವಿರುದ್ಧದ ಉದಾಹರಣೆ ಇದೇ ಜಿಲ್ಲೆಯಲ್ಲಿದೆ. ಗೊರೂರಿನ ಹೇಮಾವತಿ ಅಣೆಕಟ್ಟಿನ ಹಿನ್ನೀರಿನಲ್ಲಿ ಮಳೆಗಾಲಕ್ಕೆ ಮುಳುಗಿ ಬೇಸಿಗೆಗೆ ಏಳುವ ಶೆಟ್ಟಿಹಳ್ಳಿಯ ಚರ್ಚು, ಫ್ರೆಂಚ್ ಪಾದ್ರಿಗಳು 19ನೇ ಶತಮಾನದಲ್ಲಿ ಕಟ್ಟಿಸಿದ್ದು. ಅಲ್ಲಿ ಊರು ಎದ್ದದ್ದಕ್ಕೆ ಕಾರಣ ಒಂದೇ, ಅದಕ್ಕೊಂದು ಸರ್ಕಾರಿ ಕಡತವೂ ಇರುತ್ತದೆ. ಶೆಟ್ಟಿಹಳ್ಳಿಯನ್ನು ಕಂಡ ಕಣ್ಣಿನಿಂದಲೇ ಬಸ್ತಿಹಳ್ಳಿಯನ್ನೂ ಕಂಡರೆ ಅಲ್ಲೂ ಒಂದು ಅಣೆಕಟ್ಟನ್ನು ಹುಡುಕುವ ಆಸೆಯಾಗುತ್ತದೆ.

ಕೊನೆಯದಾಗಿ ಒಂದು ಆಕ್ಷೇಪಣೆ. ಮನೆಗಳು ಎದ್ದುಹೋದವು ಎನ್ನುತ್ತೀರಿ, ಆದರೆ ಎಷ್ಟೋ ವರ್ತಕ ಮನೆತನಗಳು ಇದ್ದಲ್ಲೇ ಇದ್ದು ಲಿಂಗ ಕಟ್ಟಿಕೊಂಡಿರಬಹುದಲ್ಲ, ಹಾಗಾದರೆ ಬರಿದಾದದ್ದು ಊರಲ್ಲ, ಮತ. ಕೆಲವು ಮನೆಗಳ ಮಟ್ಟಿಗೆ ಇದು ನಿಜವಿರಬಹುದು. ಮತ ಬದಲಿಸುವ ಮನೆ ಶಾಸನ ಹಾಕಿಸಿ ಬದಲಿಸುವುದಿಲ್ಲ. ಆದರೆ ಅದೊಂದೇ ಕಾರಣವಾಗಿದ್ದರೆ ವರ್ತಕರ ಊರುಗಳೆಲ್ಲದರಲ್ಲೂ ಹೀಗೇ ಆಗಬೇಕಿತ್ತು, ಹಳೇಬೀಡಿನಲ್ಲಿ ಶಿವಾಲಯಗಳು ತುಂಬಿ ತುಳುಕಬೇಕಿತ್ತು. ಎರಡೂ ಆಗಲಿಲ್ಲ. ಅರಸೀಕೆರೆಯನ್ನು ನೋಡಿ. 1220ರಲ್ಲಿ ರೇಚರಸ ಅಲ್ಲಿ ಸಹಸ್ರಕೂಟ ಜಿನಾಲಯವನ್ನು ಕಟ್ಟಿಸಿದ. ಕಳಚುರಿಗಳ ಮಂತ್ರಿಯಾಗಿದ್ದು, ಆ ಅರಸೊತ್ತಿಗೆ ಮುರಿದುಬಿದ್ದ ಮೇಲೆ ಇಮ್ಮಡಿ ಬಲ್ಲಾಳನ ಆಸರೆಗೆ ಬಂದವನು ಅವನು. ಅರಮನೆಗಳು ನೆಚ್ಚಿಕೆಗೆ ಬಾರವು ಎಂಬುದು ಅವನಿಗೆ ಗೊತ್ತಿದ್ದಿರಬೇಕು. ಗುಡಿಯನ್ನು ಅವನು ರಾಜಧಾನಿಯಲ್ಲಿ ಕಟ್ಟಿಸಲಿಲ್ಲ, ಸಂತೆಪೇಟೆಯ ಊರಿನಲ್ಲಿ ಕಟ್ಟಿಸಿದ. ಅದೇ ಊರಿನಲ್ಲಿ, ಅದೇ ಹೊತ್ತಿನ ಶಿವಾಲಯವೂ ಇದೆ. ಅರಸೀಕೆರೆ ಎಂದೂ ಬೀಡಾಗಿರಲಿಲ್ಲ, ಹಾಗಾಗಿ ಹಳೆಯ ಬೀಡೂ ಆಗಲಿಲ್ಲ. ದಾರಿಗಳು ಕೂಡುವ ಊರಾಗಿಯೇ ಉಳಿದು, ರೈಲು ಬಂದಾಗ ಜಂಕ್ಷನ್ ಆಯಿತು.

ಬೇಲೂರಿನ ಚೆನ್ನಕೇಶವ, ಹಳೇಬೀಡಿನ ಹೊಯ್ಸಳೇಶ್ವರ, ಸೋಮನಾಥಪುರದ ಕೇಶವ ದೇವಾಲಯಗಳು 2023ರಲ್ಲಿ ಯುನೆಸ್ಕೋದ ವಿಶ್ವಪರಂಪರೆಯ ಪಟ್ಟಿ ಸೇರಿದವು. ಹೊಯ್ಸಳೇಶ್ವರವನ್ನು ನೋಡಲು ಬಂದ ಬಸ್ಸುಗಳಲ್ಲಿ ಕೆಲವು ಬಸ್ತಿಹಳ್ಳಿಗೂ ತಿರುಗುತ್ತವೆ. ಬಂದವರು ಕಂಬದಲ್ಲಿ ತಮ್ಮ ಮುಖ ನೋಡಿಕೊಳ್ಳುತ್ತಾರೆ, ಒಳಗೆ ಏಳು ಹೆಡೆಯ ಕೆಳಗೆ ನಿಂತ ಪಾರ್ಶ್ವನನ್ನು ಆಮೇಲೆ ನೋಡುತ್ತಾರೆ. ಜಾವಗಲ್ಲು ಈಗಲೂ ತುಂಬಿದ ಊರು. ಅಲ್ಲಿಯ ಲಕ್ಷ್ಮೀನರಸಿಂಹನ ಗುಡಿಯೂ ಹೊಯ್ಸಳರದೇ, ಅದರ ಸುತ್ತ ಮನೆಗಳಿವೆ, ಅಂಗಡಿಗಳಿವೆ. 1133ರಲ್ಲಿ ಈ ಊರಿನ ಹುಟ್ಟುವಳಿಯನ್ನು ಯಾವ ದೇವರಿಗೆ ಬರೆದುಕೊಡಲಾಗಿತ್ತೋ ಆ ದೇವರು ಹಳೇಬೀಡಿನ ರಸ್ತೆಯ ಕೊನೆಯಲ್ಲಿ ಈಗಲೂ ನಿಂತಿದ್ದಾನೆ.